ಐದು ಡಾಲರಿನ ಟಿಕೆಟ್ಟು, ಕೈಯಲ್ಲಿ ಅಂಟಿಸಿದ ಹೊದಿಕೆ: ವಾಷಿಂಗ್ಟನ್ ಪಂಕ್ ಸಂಗೀತದ ಸ್ವಾವಲಂಬನೆಯ ಲೆಕ್ಕ

1980ರ ವರ್ಷಾಂತ್ಯ. ಅಮೆರಿಕದ ರಾಜಧಾನಿ ವಾಷಿಂಗ್ಟನ್ನಿನಲ್ಲಿ ವರ್ಷವೊಂದರಷ್ಟೇ ಬಾಳಿದ 'ಟೀನ್ ಐಡಲ್ಸ್' ಎಂಬ ಹದಿಹರೆಯದವರ ವಾದ್ಯತಂಡ ವಿಸರ್ಜನೆಗೊಂಡಿತು. ಆ ವೇಳೆಗೆ ತಂಡದ ಸಿಗಾರ್ ಪೆಟ್ಟಿಗೆಯೊಂದರಲ್ಲಿ, ಕಾರ್ಯಕ್ರಮಗಳಿಂದ ಗಳಿಸಿದ ಸುಮಾರು 600 ಡಾಲರ್ ಕೂಡಿತ್ತು. ನಾಲ್ವರು ಹುಡುಗರ ಮುಂದೆ ಎರಡು ದಾರಿಗಳಿದ್ದವು. ಹಣವನ್ನು ಹಂಚಿಕೊಂಡು ಜೇಬಿಗಿಳಿಸುವುದು ಒಂದು. ಆಗಲೇ ಧ್ವನಿಮುದ್ರಿಸಿಟ್ಟಿದ್ದ ಎಂಟು ಹಾಡುಗಳನ್ನು ತಟ್ಟೆಯ ರೂಪದಲ್ಲಿ ಹೊರತರುವುದು ಇನ್ನೊಂದು. ಅವರು ಎರಡನೆಯದನ್ನು ಆರಿಸಿಕೊಂಡರು. ಯಾವ ಕಂಪನಿಯೂ ತಮ್ಮತ್ತ ತಿರುಗಿ ನೋಡದು ಎಂಬುದು ಖಚಿತವಾಗಿದ್ದುದರಿಂದ ತಾವೇ ಒಂದು ಕಂಪನಿಯ ಹೆಸರನ್ನು ಹುಟ್ಟುಹಾಕಿದರು. ಆ ಹೆಸರು 'ಡಿಸ್ಕಾರ್ಡ್ ರೆಕಾರ್ಡ್ಸ್'. ನಾಲ್ಕು ದಶಕಗಳು ಉರುಳಿದರೂ ಆ ಸಂಸ್ಥೆ ಇಂದಿಗೂ ಇದೆ.

'ಪಂಕ್' ಎಂದೊಡನೆ ನಮ್ಮಲ್ಲಿ ಬಹುತೇಕರ ಕಣ್ಣ ಮುಂದೆ ನಿಲ್ಲುವುದು ಬಣ್ಣ ಬಳಿದ ಕೂದಲು, ಹರಕು ಜಾಕೆಟ್ಟು, ಸೇಫ್ಟಿಪಿನ್ನು ಮತ್ತು ಕಿವಿಗಡಚಿಕ್ಕುವ ಅಬ್ಬರ. ಇವೆಲ್ಲ ಹೊರಗಿನ ವೇಷ. ಆ ಅಬ್ಬರದ ಹಿಂದೆ ಅಚ್ಚುಕಟ್ಟಾದ ಒಂದು ದುಡಿಮೆಯ ಪದ್ಧತಿ ಇತ್ತು ಎಂಬುದು ಅಷ್ಟಾಗಿ ಪ್ರಚಾರಕ್ಕೆ ಬಂದಿಲ್ಲ. ಹಾಡು ಕಟ್ಟುವುದರಿಂದ ಹಿಡಿದು ಅದನ್ನು ಮುದ್ರಿಸಿ, ಮಾರಿ, ಊರೂರು ತಿರುಗಿ ಹಾಡಿ, ಲೆಕ್ಕ ಬರೆಯುವವರೆಗೆ ಎಲ್ಲವನ್ನೂ ಕಲಾವಿದರೇ ಮಾಡಿಕೊಳ್ಳುವುದು ಆ ಪದ್ಧತಿ. 'ನೀವೇ ಮಾಡಿ' ಎಂಬರ್ಥದ ಇಂಗ್ಲಿಷ್ ನುಡಿಯ ಮೊದಲಕ್ಷರಗಳಿಂದ 'ಡಿಐವೈ' ಎಂದು ಇದಕ್ಕೆ ಹೆಸರು. ಕೈ ಕೆಸರಾದರೆ ಬಾಯಿ ಮೊಸರು ಎಂಬ ನಮ್ಮ ಗಾದೆಗೆ ಇದಕ್ಕಿಂತ ಒಳ್ಳೆಯ ಉದಾಹರಣೆ ಸಂಗೀತಲೋಕದಲ್ಲಿ ಸಿಗುವುದು ಕಷ್ಟ. ಈ ಪದ್ಧತಿ ಹೇಗೆ ನಡೆಯಿತು, ಎಲ್ಲಿ ಗೆದ್ದಿತು, ಎಲ್ಲಿ ಎಡವಿತು ಎಂಬುದನ್ನು ವಾಷಿಂಗ್ಟನ್ನಿನ ಉದಾಹರಣೆಯ ಮೂಲಕ ನೋಡುವುದು ಈ ಲೇಖನದ ಉದ್ದೇಶ.

ಇಂಗ್ಲೆಂಡಿನಿಂದ ಹಾರಿದ ಕಿಡಿ

ಪಂಕ್ ಸಂಗೀತ 1970ರ ದಶಕದ ಮಧ್ಯಭಾಗದಲ್ಲಿ ನ್ಯೂಯಾರ್ಕ್ ಮತ್ತು ಲಂಡನ್ ನಗರಗಳಲ್ಲಿ ರೂಪುಗೊಂಡಿತು. ಆ ಕಾಲದ ರಾಕ್ ಸಂಗೀತ ದೊಡ್ಡ ಕ್ರೀಡಾಂಗಣಗಳನ್ನು ಸೇರಿಬಿಟ್ಟಿತ್ತು. ದುಬಾರಿ ವಾದ್ಯ, ದುಬಾರಿ ಸ್ಟುಡಿಯೋ, ವರ್ಷಗಟ್ಟಲೆ ತಾಲೀಮು ಇಲ್ಲದವರಿಗೆ ಅಲ್ಲಿ ಪ್ರವೇಶವಿರಲಿಲ್ಲ. ಪಂಕ್ ಈ ಗೋಡೆಯನ್ನೇ ಒಡೆಯಿತು. ಗಿಟಾರಿನಲ್ಲಿ ಮೂರು ಸ್ವರಮೇಳಗಳನ್ನು ನುಡಿಸಲು ಬಂದರೆ ಸಾಕು, ತಂಡ ಕಟ್ಟಬಹುದು ಎಂಬುದು ಅದರ ಮೂಲಮಂತ್ರ.

ಆದರೆ ಮೊದಲ ಅಲೆಯ ಪ್ರಸಿದ್ಧ ತಂಡಗಳಲ್ಲಿ ಹಲವು ದೊಡ್ಡ ಕಂಪನಿಗಳೊಂದಿಗೇ ಒಪ್ಪಂದ ಮಾಡಿಕೊಂಡಿದ್ದವು. ಸೆಕ್ಸ್ ಪಿಸ್ತಲ್ಸ್ ಇಎಂಐ ಕಂಪನಿಗೆ ಹಾಡಿದರೆ, ಕ್ಲಾಷ್ ತಂಡ ಸಿಬಿಎಸ್‌ಗೆ ಹಾಡಿತು. ತಿರುವು ಬಂದದ್ದು ಮ್ಯಾಂಚೆಸ್ಟರಿನಿಂದ. ಅಲ್ಲಿನ 'ಬಜ್‌ಕಾಕ್ಸ್' ತಂಡ ಬಂಧುಮಿತ್ರರಿಂದ ಸುಮಾರು 500 ಪೌಂಡ್ ಸಾಲ ಪಡೆದು, ನಾಲ್ಕು ಹಾಡುಗಳ ತಟ್ಟೆಯನ್ನು ಜನವರಿ 1977ರಲ್ಲಿ ತಾನೇ ಹೊರತಂದಿತು. ಮೊದಲು ಅಚ್ಚಾದದ್ದು ಒಂದು ಸಾವಿರ ಪ್ರತಿ. ಬೇಡಿಕೆ ಬೆಳೆದು ಕ್ರಮೇಣ 16 ಸಾವಿರದಷ್ಟು ಮಾರಾಟವಾಯಿತು. ಅದೇ ವರ್ಷ ಲಂಡನ್ನಿನ 'ಡೆಸ್ಪರೇಟ್ ಬೈಸಿಕಲ್ಸ್' ಎಂಬ ತಂಡ ತನ್ನ ಮೊದಲ ತಟ್ಟೆಗೆ ಒಟ್ಟು ತಗುಲಿದ್ದು 153 ಪೌಂಡ್ ಎಂದು ಸಾರಿ ಹೇಳಿತು. ಮರುವರ್ಷ 'ಸ್ಕ್ರಿಟ್ಟಿ ಪೊಲಿಟ್ಟಿ' ತಂಡ ತಯಾರಿಕೆಯ ಖರ್ಚುವೆಚ್ಚವನ್ನು ಹೊದಿಕೆಯ ಮೇಲೆಯೇ ಅಚ್ಚು ಹಾಕಿಸಿತು.

ಇಲ್ಲಿ ಗಮನಿಸಬೇಕಾದ ಅಂಶವೊಂದಿದೆ. ತಟ್ಟೆ ತಯಾರಿಸಲು ಎಷ್ಟು ಹಣ ಬೇಕು, ಯಾರ ಬಳಿ ಹೋಗಬೇಕು ಎಂಬುದು ಅದುವರೆಗೆ ಕಂಪನಿಗಳ ಒಳಗುಟ್ಟಾಗಿತ್ತು. ಆ ಗುಟ್ಟು ಬಯಲಾದೊಡನೆ ಭಯವೂ ಹೋಯಿತು. ಹಾಡಿನಷ್ಟೇ ಮುಖ್ಯವಾಗಿ ಲೆಕ್ಕದ ಚೀಟಿಯನ್ನೂ ಕೇಳುಗರ ಕೈಗಿಟ್ಟದ್ದು ಈ ತಂಡಗಳ ಹೆಚ್ಚುಗಾರಿಕೆ.

ರಾಜಧಾನಿಯ ಹುಡುಗರು

ವಾಷಿಂಗ್ಟನ್ ಸರ್ಕಾರಿ ಕಚೇರಿಗಳ ಊರು. ಅಲ್ಲಿ ಹೇಳಿಕೊಳ್ಳುವಂಥ ರೆಕಾರ್ಡ್ ಉದ್ಯಮ ಇರಲಿಲ್ಲ. ಇದೇ ಅಲ್ಲಿನ ಹುಡುಗರಿಗೆ ವರವಾಯಿತೆನ್ನಬೇಕು. ಯಾರೋ ಬಂದು ತಮ್ಮನ್ನು ಗುರುತಿಸಿಯಾರು ಎಂಬ ಆಸೆಗೇ ಅಲ್ಲಿ ಜಾಗವಿರಲಿಲ್ಲ.

ಅಲ್ಲಿನ ಪಂಕ್ ಕಥನದ ಮೊದಲ ದೊಡ್ಡ ಹೆಸರು 'ಬ್ಯಾಡ್ ಬ್ರೇನ್ಸ್'. ನಾಲ್ವರೂ ಕಪ್ಪುವರ್ಣೀಯ ಕಲಾವಿದರು. ಜಾಝ್ ಬೆರೆತ ಸಂಗೀತದಲ್ಲಿ ಕೈ ಪಳಗಿದವರು. ಅವರು ಪಂಕ್‌ನತ್ತ ಹೊರಳಿದಾಗ ಆ ಸಂಗೀತದ ವೇಗವೇ ಬದಲಾಯಿತು. ಮಿಂಚಿನ ವೇಗದ ಹಾಡಿನ ಬೆನ್ನಿಗೇ ನಿಧಾನಗತಿಯ ರೆಗ್ಗೆ ನುಡಿಸುತ್ತಿದ್ದ ಈ ತಂಡ, ಮುಂದೆ 'ಹಾರ್ಡ್‌ಕೋರ್' ಎಂದು ಕರೆಸಿಕೊಂಡ ಪ್ರಕಾರಕ್ಕೆ ಅಡಿಪಾಯ ಹಾಕಿತು. ಅವರನ್ನು ನೋಡಿ ಕಲಿತವರಲ್ಲಿ ಟೀನ್ ಐಡಲ್ಸ್ ತಂಡದ ಇಯಾನ್ ಮೆಕಾಯ್ ಮತ್ತು ಜೆಫ್ ನೆಲ್ಸನ್ ಪ್ರಮುಖರು. ಶಾಲೆ ಮುಗಿಸಿದ ಇಯಾನ್ ಆಗ ಐಸ್‌ಕ್ರೀಂ ಅಂಗಡಿಯಲ್ಲಿ ದುಡಿಯುತ್ತಿದ್ದ ಯುವಕ.

1980ರ ಬೇಸಿಗೆಯಲ್ಲಿ ಟೀನ್ ಐಡಲ್ಸ್ ಕ್ಯಾಲಿಫೋರ್ನಿಯಾ ಪ್ರವಾಸ ಕೈಗೊಂಡಿತು. ಸ್ಯಾನ್ ಫ್ರಾನ್ಸಿಸ್ಕೊದ ಕ್ಲಬ್ ಒಂದರಲ್ಲಿ ಮದ್ಯಪಾನದ ವಯಸ್ಸು ತುಂಬದವರ ಕೈಯ ಹಿಂಬದಿಗೆ ಕಪ್ಪು ಶಾಯಿಯಲ್ಲಿ ದಪ್ಪನೆಯ 'ಎಕ್ಸ್' ಗುರುತು ಹಾಕಿ ಒಳಗೆ ಬಿಡುವ ರೂಢಿಯಿತ್ತು. ಗುರುತು ಇದ್ದವರಿಗೆ ಮದ್ಯ ಕೊಡುವಂತಿಲ್ಲ, ಆದರೆ ಸಂಗೀತ ಕೇಳಲು ಅಡ್ಡಿಯಿಲ್ಲ. ಊರಿಗೆ ಮರಳಿದ ಹುಡುಗರು ತಮ್ಮ ಕ್ಲಬ್‌ಗಳ ಮಾಲೀಕರ ಮುಂದೆ ಇದೇ ಸಲಹೆ ಇಟ್ಟರು. ಮದ್ಯದಂಗಡಿಯ ಬಾಗಿಲಲ್ಲೇ ನಿಂತುಬಿಡುತ್ತಿದ್ದ ಹದಿನಾಲ್ಕು-ಹದಿನೈದರ ಮಕ್ಕಳಿಗೆ ಸಂಗೀತ ತೆರೆದುಕೊಂಡದ್ದು ಹೀಗೆ. ತಂಡದ ಮೊದಲ ತಟ್ಟೆಯ ಹೊದಿಕೆಯ ಮೇಲಿರುವುದೂ ಎಕ್ಸ್ ಗುರುತು ಹೊತ್ತ ಎರಡು ಕೈಗಳ ಚಿತ್ರವೇ.

ಟೀನ್ ಐಡಲ್ಸ್ ಮುಗಿದ ಬಳಿಕ ಇಯಾನ್ ಮತ್ತು ಜೆಫ್ ಕಟ್ಟಿದ ತಂಡ 'ಮೈನರ್ ಥ್ರೆಟ್'. 1981ರಲ್ಲಿ ಅದು ಹಾಡಿದ 'ಸ್ಟ್ರೇಟ್ ಎಡ್ಜ್' ಎಂಬ ಹಾಡಿನ ಅವಧಿ ಒಂದು ನಿಮಿಷಕ್ಕೂ ಕಡಿಮೆ. ಕುಡಿತ, ಮಾದಕ ವಸ್ತುಗಳ ಗೊಡವೆ ತನಗೆ ಬೇಡ ಎಂದು ಯುವಕನೊಬ್ಬ ತನ್ನ ಪರವಾಗಿ ಹೇಳಿಕೊಂಡ ಹಾಡದು. ಆದರೆ ಮುಂದಿನ ವರ್ಷಗಳಲ್ಲಿ ಅದೇ ಹೆಸರಿನಲ್ಲಿ ದೇಶವಿದೇಶಗಳಲ್ಲಿ ಒಂದು ಪಂಥವೇ ಹುಟ್ಟಿಕೊಂಡಿತು. ಕೆಲವೆಡೆ ಅದು ಕುಡಿಯುವವರ ಮೇಲೆ ಕೈ ಮಾಡುವ ಮಟ್ಟಕ್ಕೂ ಹೋಯಿತು. ತಾನು ಯಾವ ಚಳವಳಿಯನ್ನೂ ಆರಂಭಿಸಲಿಲ್ಲ, ನಿಯಮಗಳನ್ನೂ ಬರೆಯಲಿಲ್ಲ ಎಂಬುದು ಇಯಾನ್ ನಿಲುವು. ಒಬ್ಬನ ಸ್ವಂತ ಆಯ್ಕೆ ಹಲವರ ಕಟ್ಟಳೆಯಾಗುವುದು ಎಷ್ಟು ಸುಲಭ ಎಂಬುದಕ್ಕೆ ಇದು ನಿದರ್ಶನ.

ತಟ್ಟೆಯೊಂದು ತಯಾರಾಗುವ ಬಗೆ

ಈಗ ಕೆಲಸದ ವಿವರಕ್ಕೆ ಬರೋಣ. ವಾಷಿಂಗ್ಟನ್ನಿನ ಪಕ್ಕದ, ವರ್ಜೀನಿಯಾ ರಾಜ್ಯದ ಆರ್ಲಿಂಗ್ಟನ್ನಿನಲ್ಲಿ ಡಾನ್ ಝಿಂಟಾರಾ ಎಂಬುವರು ತಮ್ಮ ಮನೆಯ ನೆಲಮಾಳಿಗೆಯಲ್ಲಿ 'ಇನ್ನರ್ ಇಯರ್' ಎಂಬ ಪುಟ್ಟ ಸ್ಟುಡಿಯೋ ನಡೆಸುತ್ತಿದ್ದರು. ಹುಡುಗರ ಧ್ವನಿಮುದ್ರಣ ನಡೆದದ್ದು ಅಲ್ಲಿಯೇ. ಅಲ್ಲಿ ಸಿದ್ಧವಾದ ಟೇಪನ್ನು ಕಾರ್ಖಾನೆಗೆ ಕಳುಹಿಸಬೇಕು. ಮೊದಲು ಮೆದುವಾದ ಲೇಪನವುಳ್ಳ ತಟ್ಟೆಯ ಮೇಲೆ ಸೂಜಿಯಿಂದ ಗೆರೆ ಕೊರೆಯುತ್ತಾರೆ. ಅದರ ಮೇಲೆ ಲೋಹದ ಪದರ ಬೆಳೆಸಿ ಅಚ್ಚು ತೆಗೆಯುತ್ತಾರೆ. ಆ ಅಚ್ಚುಗಳ ನಡುವೆ ಬಿಸಿ ಪ್ಲಾಸ್ಟಿಕ್ಕನ್ನು ಒತ್ತಿದರೆ ತಟ್ಟೆ ಸಿದ್ಧ. ಈ ಕೆಲಸವನ್ನು ಹಣ ಕೊಟ್ಟ ಯಾರಿಗೆ ಬೇಕಾದರೂ ಮಾಡಿಕೊಡುವ ಕಾರ್ಖಾನೆಗಳಿದ್ದವು. ದೊಡ್ಡ ಕಂಪನಿಯ ಮುದ್ರೆ ಬೇಕಿರಲಿಲ್ಲ.

ಮೊದಲ ಕಂತಿನಲ್ಲಿ ಅಚ್ಚಾದದ್ದು ಒಂದು ಸಾವಿರ ತಟ್ಟೆಗಳು. ಹೊದಿಕೆಯ ಕೆಲಸವನ್ನು ಮಾತ್ರ ಹುಡುಗರು ಹೊರಗೆ ಕೊಡಲಿಲ್ಲ. ಇಂಗ್ಲೆಂಡಿನ ತಟ್ಟೆಯೊಂದರ ಹೊದಿಕೆಯನ್ನು ಬಿಚ್ಚಿ, ಅದರ ಅಳತೆಯನ್ನು ಕಾಗದದ ಮೇಲೆ ಗೆರೆ ಎಳೆದುಕೊಂಡು, ಅದೇ ಮಾದರಿಯಲ್ಲಿ ಮುದ್ರಿಸಿದ ಹಾಳೆಗಳನ್ನು ಕತ್ತರಿಯಿಂದ ಕತ್ತರಿಸಿ, ಮಡಿಸಿ, ಅಂಟು ಹಚ್ಚಿ ಹೊದಿಕೆ ಮಾಡಿದರು. ಸ್ನೇಹಿತರೆಲ್ಲ ಕೂಡಿ ಕುಳಿತು ಮಾಡುವ ಕೆಲಸವದು. ಆರಂಭದ ವರ್ಷಗಳಲ್ಲಿ ಹೀಗೆ ಸಾವಿರಾರು ಹೊದಿಕೆಗಳು ತಯಾರಾದವು. ಒಂದು ತಟ್ಟೆ ಮಾರಿ ಬಂದ ಹಣ ಮುಂದಿನ ತಂಡದ ತಟ್ಟೆಗೆ ಬಂಡವಾಳ. ಹಾಸಿಗೆ ಇದ್ದಷ್ಟೇ ಕಾಲು ಚಾಚಿದ್ದರಿಂದ ಸಾಲದ ಸುಳಿಗೆ ಸಿಲುಕುವ ಪ್ರಶ್ನೆಯೇ ಬರಲಿಲ್ಲ.

1981ರ ಅಕ್ಟೋಬರ್‌ನಲ್ಲಿ ಗೆಳೆಯರು ಆರ್ಲಿಂಗ್ಟನ್ನಿನಲ್ಲಿ ಒಂದು ಮನೆ ಬಾಡಿಗೆಗೆ ಹಿಡಿದರು. ಅದೇ ವಾಸಸ್ಥಾನ, ಅದೇ ತಾಲೀಮು ಕೊಠಡಿ, ಅದೇ ಕಚೇರಿ. 'ಡಿಸ್ಕಾರ್ಡ್ ಹೌಸ್' ಎಂದು ಆ ಮನೆ ಹೆಸರಾಯಿತು. ಮರುವರ್ಷ ಅಲ್ಲಿಂದ ಹೊರಬಂದ ಸಂಕಲನದಲ್ಲಿ ಹನ್ನೊಂದು ತಂಡಗಳ 32 ಹಾಡುಗಳಿದ್ದವು. ಒಂದೇ ಊರಿನ ಇಷ್ಟು ತಂಡಗಳನ್ನು ಒಂದೆಡೆ ದಾಖಲಿಸಿದ್ದು ಆ ತಟ್ಟೆಯ ವಿಶೇಷ.

ಸಂಸ್ಥೆಯ ನಿಯಮಗಳು ಬೆರಳೆಣಿಕೆಯಷ್ಟು. ವಾಷಿಂಗ್ಟನ್ ಪರಿಸರದ ತಂಡಗಳಿಗೆ ಮಾತ್ರ ಅವಕಾಶ. ಲಿಖಿತ ಒಪ್ಪಂದವಿಲ್ಲ, ಬಾಯಿಮಾತೇ ಕರಾರು. ತಯಾರಿಕೆ, ಪ್ರಚಾರದ ವೆಚ್ಚ ಕಳೆದು ಉಳಿದ ಲಾಭದಲ್ಲಿ ತಂಡಕ್ಕೆ ಅರ್ಧ, ಸಂಸ್ಥೆಗೆ ಅರ್ಧ. ಬೇಡಿಕೆ ಕೈಮೀರಿದಾಗ ಲಂಡನ್ನಿನ 'ಸದರ್ನ್' ಸಂಸ್ಥೆಯ ಜಾನ್ ಲೋಡರ್ ತಟ್ಟೆಗಳ ತಯಾರಿಕೆ ಮತ್ತು ವಿತರಣೆಗೆ ಹೆಗಲು ಕೊಟ್ಟರು. 'ಎಲ್ಲವನ್ನೂ ನಾವೇ ಮಾಡುತ್ತೇವೆ' ಎಂಬ ಮಾತಿಗೆ 'ಯಾರ ನೆರವೂ ಬೇಡ' ಎಂಬ ಅರ್ಥ ಎಂದೂ ಇರಲಿಲ್ಲ. ನೆರವಿನ ಷರತ್ತುಗಳನ್ನು ತೀರ್ಮಾನಿಸುವವರು ಯಾರು ಎಂಬುದಷ್ಟೇ ಪ್ರಶ್ನೆ.

ಪತ್ರಿಕೆ, ದೂರವಾಣಿ, ನೆಲಮಾಳಿಗೆ

ತಟ್ಟೆ ಸಿದ್ಧವಾದರೆ ಸಾಲದು, ಅದು ಇದೆ ಎಂಬುದು ಜನರಿಗೆ ತಿಳಿಯಬೇಕು. ರೇಡಿಯೋ ಮತ್ತು ಟಿವಿಗಳ ಬಾಗಿಲು ಮುಚ್ಚಿತ್ತು. ಆ ಕೊರತೆ ತುಂಬಿದ್ದು 'ಫ್ಯಾನ್‌ಝೀನ್' ಎಂಬ ಕಿರುಪತ್ರಿಕೆಗಳು. ನಮ್ಮ ಕಾಲೇಜುಗಳ ಕೈಬರಹದ ಪತ್ರಿಕೆಗಳನ್ನು ಕಂಡವರಿಗೆ ಇವುಗಳ ಸ್ವರೂಪ ಸುಲಭವಾಗಿ ಅರ್ಥವಾದೀತು. ಕೈಯಲ್ಲಿ ಬರೆದು ಅಥವಾ ಟೈಪ್ ಮಾಡಿ, ಚಿತ್ರ ಕತ್ತರಿಸಿ ಅಂಟಿಸಿ, ಜೆರಾಕ್ಸ್ ತೆಗೆದು, ಸ್ಟೇಪಲ್ ಹೊಡೆದು ಹಂಚುವ ಪತ್ರಿಕೆಗಳವು. 1982ರಲ್ಲಿ ಕ್ಯಾಲಿಫೋರ್ನಿಯಾದಲ್ಲಿ ಆರಂಭವಾದ 'ಮ್ಯಾಕ್ಸಿಮಮ್ ರಾಕ್‌ಎನ್‌ರೋಲ್' ಇವುಗಳಲ್ಲಿ ದೊಡ್ಡದು. ಲೋಕದ ಮೂಲೆಮೂಲೆಯ ಪಂಕ್ ಸುದ್ದಿಯನ್ನು ಹೊತ್ತು ತರುತ್ತಿದ್ದ ಅದರ ಮುದ್ರಿತ ಆವೃತ್ತಿ 2019ರಲ್ಲಿ ನಿಂತಿತು.

ಈ ಪತ್ರಿಕೆಗಳಲ್ಲಿ ಅಚ್ಚಾಗುತ್ತಿದ್ದ ವಿಳಾಸ ಮತ್ತು ದೂರವಾಣಿ ಸಂಖ್ಯೆಗಳೇ ಪ್ರವಾಸದ ಭೂಪಟ. ಯಾವ ಊರಿನಲ್ಲಿ ಯಾರು ಕಾರ್ಯಕ್ರಮ ಏರ್ಪಡಿಸುತ್ತಾರೆ, ಯಾರ ಮನೆಯ ನೆಲದ ಮೇಲೆ ರಾತ್ರಿ ಮಲಗಬಹುದು ಎಂಬ ಮಾಹಿತಿ ತಂಡದಿಂದ ತಂಡಕ್ಕೆ ಸಾಗುತ್ತಿತ್ತು. ಚರ್ಚಿನ ಸಭಾಂಗಣ, ನಿವೃತ್ತ ಸೈನಿಕರ ಭವನ, ಮನೆಯ ನೆಲಮಾಳಿಗೆ ಹೀಗೆ ನಾಲ್ಕು ಗೋಡೆ ಮತ್ತು ವಿದ್ಯುತ್ ಇರುವ ಯಾವುದೇ ಜಾಗ ರಂಗಸ್ಥಳವಾಗುತ್ತಿತ್ತು. ಲಾಸ್ ಏಂಜಲೀಸ್ ಪ್ರದೇಶದ 'ಬ್ಲ್ಯಾಕ್ ಫ್ಲಾಗ್' ತಂಡ ವ್ಯಾನಿನಲ್ಲಿ ದೇಶ ಸುತ್ತಿ ತುಳಿದ ದಾರಿಯನ್ನೇ ನೂರಾರು ತಂಡಗಳು ಅನುಸರಿಸಿದವು.

ಐದು ಡಾಲರಿನ ಹಿಂದಿನ ವಿಚಾರ

ಮೈನರ್ ಥ್ರೆಟ್ 1983ರಲ್ಲಿ ಮುಗಿಯಿತು. ಅದರ ಕೊನೆಯ ಕಾರ್ಯಕ್ರಮದಲ್ಲಿ ಜೊತೆಗೆ ನುಡಿಸಿದ್ದು 'ಟ್ರಬಲ್ ಫಂಕ್' ಎಂಬ ಗೋ-ಗೋ ತಂಡ ಎಂಬುದು ಉಲ್ಲೇಖನೀಯ. ಗೋ-ಗೋ ಎಂಬುದು ವಾಷಿಂಗ್ಟನ್ನಿನ ಕಪ್ಪುವರ್ಣೀಯ ಸಮುದಾಯದ ಸ್ವಂತ ಸಂಗೀತ. ಆ ವೇಳೆಗೆ ಪಂಕ್ ಸಭಾಂಗಣಗಳಲ್ಲಿ ಹೊಡೆದಾಟ ಹೆಚ್ಚಾಗಿತ್ತು. ಹಳೆಯ ಕೇಳುಗರು, ಅದರಲ್ಲೂ ಹೆಣ್ಣುಮಕ್ಕಳು ದೂರ ಸರಿಯತೊಡಗಿದ್ದರು. 1985ರ ಬೇಸಿಗೆಯಲ್ಲಿ 'ರೈಟ್ಸ್ ಆಫ್ ಸ್ಪ್ರಿಂಗ್', 'ಎಂಬ್ರೇಸ್' ಮುಂತಾದ ಹೊಸ ತಂಡಗಳು ಬೇರೆ ಬಗೆಯ, ಅಂತರಂಗವನ್ನು ತೋಡಿಕೊಳ್ಳುವ ಹಾಡುಗಳೊಂದಿಗೆ ಬಂದವು. ದಕ್ಷಿಣ ಆಫ್ರಿಕದ ರಾಯಭಾರ ಕಚೇರಿಯ ಮುಂದೆ ಡಬ್ಬ, ಡೋಲು ಬಡಿದು ವರ್ಣಭೇದ ನೀತಿಯನ್ನು ಪ್ರತಿಭಟಿಸಿದರು. 'ಪಾಸಿಟಿವ್ ಫೋರ್ಸ್' ಎಂಬ ಕಾರ್ಯಕರ್ತರ ಗುಂಪು ಹುಟ್ಟಿದ್ದೂ ಅದೇ ವರ್ಷ.

ಈ ನೆಲದಲ್ಲಿ ಬೆಳೆದ ತಂಡ 'ಫುಗಾಜಿ'. ಇಯಾನ್ ಮೆಕಾಯ್, ಗೈ ಪಿಚಿಯೊಟ್ಟೊ, ಜೋ ಲ್ಯಾಲಿ ಮತ್ತು ಬ್ರೆಂಡನ್ ಕ್ಯಾಂಟಿ ಇದರ ಸದಸ್ಯರು. 1987ರ ಸೆಪ್ಟೆಂಬರಿನಲ್ಲಿ ಮೊದಲ ಕಾರ್ಯಕ್ರಮ ನೀಡಿದ ಈ ತಂಡ 2002ರ ನವೆಂಬರಿನಲ್ಲಿ ಲಂಡನ್ನಿನಲ್ಲಿ ಕೊನೆಯ ಕಾರ್ಯಕ್ರಮ ನೀಡುವವರೆಗೆ ಸಾವಿರಕ್ಕೂ ಹೆಚ್ಚು ಬಾರಿ ರಂಗವೇರಿತು. ಟಿಕೆಟ್ ದರ ಬಹುತೇಕ ಎಲ್ಲೆಡೆ ಐದು ಡಾಲರ್, ಇಲ್ಲವೇ ಅದಕ್ಕಿಂತ ತುಸು ಹೆಚ್ಚು. ಯಾವ ವಯಸ್ಸಿನವರಿಗೂ ಪ್ರವೇಶ ಇರಲೇಬೇಕು ಎಂಬುದು ಷರತ್ತು. ತಂಡಕ್ಕೆ ವ್ಯವಸ್ಥಾಪಕರಿರಲಿಲ್ಲ, ಕಾರ್ಯಕ್ರಮ ಗೊತ್ತುಪಡಿಸುವ ಕೆಲಸ ಇಯಾನ್ ಅವರದೇ. ತಂಡದ ಹೆಸರಿನ ಟೀ-ಶರ್ಟ್ ಕೂಡ ಮಾರುತ್ತಿರಲಿಲ್ಲ.

ಐದು ಡಾಲರ್ ಎಂಬುದು ದಾನಬುದ್ಧಿಯಿಂದ ಇಟ್ಟ ಬೆಲೆಯಲ್ಲ, ಅದರ ಹಿಂದೆ ಒಂದು ತರ್ಕವಿದೆ. ಖರ್ಚು ಕಡಿಮೆಯಾದಷ್ಟೂ ಕಲಾವಿದ ಸ್ವತಂತ್ರ. ದುಬಾರಿ ಹೋಟೆಲು, ದೊಡ್ಡ ಪರಿವಾರ, ಪ್ರಾಯೋಜಕರು ಯಾವುದೂ ಇಲ್ಲದಿದ್ದರೆ ಐದು ಡಾಲರಿಗೂ ಪ್ರವಾಸ ಗಿಟ್ಟುತ್ತದೆ. ಬೆಲೆ ಕಡಿಮೆಯಾದ್ದರಿಂದ ಸಭಾಂಗಣ ತುಂಬುತ್ತದೆ. ಸಭಾಂಗಣ ತುಂಬಿದ್ದರಿಂದ ಮಾಲೀಕನೊಂದಿಗೆ ಷರತ್ತು ಹಾಕಿ ಮಾತನಾಡುವ ಬಲ ಬರುತ್ತದೆ. ತಟ್ಟೆಗಳಿಗೂ ಇದೇ ನೀತಿ. ಅಂಚೆ ವೆಚ್ಚವೂ ಸೇರಿದ ಬೆಲೆಯನ್ನು ಹೊದಿಕೆಯ ಮೇಲೆಯೇ ಅಚ್ಚು ಹಾಕುತ್ತಿದ್ದುದರಿಂದ ಅಂಗಡಿಯವರು ಮನಬಂದಂತೆ ದರ ಏರಿಸುವುದು ಕಷ್ಟವಾಗುತ್ತಿತ್ತು.

ಹೊಡೆದಾಟದ ವಿಷಯದಲ್ಲೂ ತಂಡ ತನ್ನದೇ ಉಪಾಯ ಕಂಡುಕೊಂಡಿತ್ತು. ಗುಂಪಿನಲ್ಲಿ ಯಾರಾದರೂ ಇತರರ ಮೇಲೆ ಬಿದ್ದು ಗುದ್ದಾಡತೊಡಗಿದರೆ ಹಾಡು ಅಲ್ಲಿಗೇ ನಿಲ್ಲುತ್ತಿತ್ತು. ಎಚ್ಚರಿಕೆಗೂ ಜಗ್ಗದಿದ್ದರೆ, ಐದು ಡಾಲರ್ ಇಟ್ಟು ಸಿದ್ಧವಾಗಿಟ್ಟುಕೊಂಡಿದ್ದ ಲಕೋಟೆಯನ್ನು ಕೈಗಿತ್ತು ಹೊರಗೆ ಕಳುಹಿಸುತ್ತಿದ್ದರು. ಟಿಕೆಟ್ ಹಣ ವಾಪಸಾಯಿತು, ಇನ್ನು ವಾದಕ್ಕೆ ಜಾಗವಿಲ್ಲ! ವಾಷಿಂಗ್ಟನ್ನಿನಲ್ಲಂತೂ ಈ ತಂಡದ ಕಾರ್ಯಕ್ರಮಗಳೆಂದರೆ ಸಹಾಯಾರ್ಥ ಪ್ರದರ್ಶನ, ಪ್ರತಿಭಟನೆ ಅಥವಾ ಉಚಿತ ಗೋಷ್ಠಿ. 1991ರ ಜನವರಿ 12ರಂದು, ಕೊಲ್ಲಿ ಯುದ್ಧ ಆರಂಭವಾಗುವ ಕೆಲವೇ ದಿನಗಳ ಮುಂಚೆ, ಶ್ವೇತಭವನದ ಎದುರಿನ ಲಾಫಾಯೆಟ್ ಉದ್ಯಾನದಲ್ಲಿ ಕೊರೆಯುವ ಚಳಿಯಲ್ಲಿ ಯುದ್ಧದ ವಿರುದ್ಧ ಹಾಡಿದ್ದು ಇದೇ ತಂಡ.

ಮುಂಗಡದ ಮಾಯೆ

ಅದೇ ವರ್ಷದ ಸೆಪ್ಟೆಂಬರಿನಲ್ಲಿ 'ನಿರ್ವಾಣ' ತಂಡದ 'ನೆವರ್‌ಮೈಂಡ್' ಬಿಡುಗಡೆಯಾಗಿ ಜಗತ್ತಿನಾದ್ಯಂತ ಮಾರಾಟದ ಅಲೆ ಎಬ್ಬಿಸಿತು. ಅಂದ ಹಾಗೆ, ಅದರ ಡ್ರಮ್ ವಾದಕ ಡೇವ್ ಗ್ರೋಲ್ ಅದಕ್ಕೂ ಮೊದಲು ನುಡಿಸುತ್ತಿದ್ದುದು ಡಿಸ್ಕಾರ್ಡ್ ಬಳಗದ 'ಸ್ಕ್ರೀಮ್' ತಂಡದಲ್ಲಿ. ಬೀದಿ ಬದಿಯ ಸಂಗೀತದಲ್ಲಿ ಕೋಟಿಗಟ್ಟಲೆ ಹಣವಿದೆ ಎಂದು ಗೊತ್ತಾದೊಡನೆ ದೊಡ್ಡ ಕಂಪನಿಗಳು ಚೆಕ್ ಪುಸ್ತಕ ಹಿಡಿದು ಇಳಿದವು.

ಈ ಚೆಕ್ಕಿನ ಒಳಮರ್ಮ ಓದುಗರಿಗೆ ತಿಳಿದಿರಬೇಕು. ಕಂಪನಿ ತಂಡಕ್ಕೆ ಕೊಡುವ ಮುಂಗಡ ಹಣ ಬಹುಮಾನವಲ್ಲ. ತಂಡದ ಪಾಲಿಗೆ ಬರುವ ರಾಯಲ್ಟಿಯಿಂದಲೇ ಅದು ವಸೂಲಾಗಬೇಕು. ಸ್ಟುಡಿಯೋ ಬಾಡಿಗೆ, ನಿರ್ಮಾಪಕರ ಸಂಭಾವನೆ, ವಿಡಿಯೋ ಚಿತ್ರೀಕರಣ, ಪ್ರವಾಸದ ವೆಚ್ಚಗಳೆಲ್ಲ ಬಹುಪಾಲು ತಂಡದ ಖಾತೆಗೇ ಬೀಳುತ್ತವೆ. ಇಷ್ಟಾದರೂ ಧ್ವನಿಮುದ್ರಣದ ಒಡೆತನ ಸಾಮಾನ್ಯವಾಗಿ ಕಂಪನಿಯದು.

ಷಿಕಾಗೊದ ಧ್ವನಿಮುದ್ರಣಕಾರ ಸ್ಟೀವ್ ಆಲ್ಬಿನಿ 1993ರಲ್ಲಿ 'ಬ್ಯಾಫ್ಲರ್' ನಿಯತಕಾಲಿಕಕ್ಕೆ ಬರೆದ ಲೇಖನವೊಂದರಲ್ಲಿ ಈ ಲೆಕ್ಕವನ್ನು ಕಾಲ್ಪನಿಕ ಉದಾಹರಣೆಯೊಂದಿಗೆ ಬಿಡಿಸಿಟ್ಟರು. ಎರಡೂವರೆ ಲಕ್ಷ ಡಾಲರ್ ಮುಂಗಡ ಪಡೆದ ತಂಡದ ಆಲ್ಬಂ ಎರಡೂವರೆ ಲಕ್ಷ ಪ್ರತಿ ಮಾರಾಟವಾಯಿತೆಂದು ಇಟ್ಟುಕೊಳ್ಳಿ. ಆಲ್ಬಿನಿ ಲೆಕ್ಕದ ಪ್ರಕಾರ ರೆಕಾರ್ಡ್ ಕಂಪನಿಗೆ ದಕ್ಕುವುದು 7 ಲಕ್ಷ 10 ಸಾವಿರ ಡಾಲರ್. ತಂಡದ ಒಬ್ಬೊಬ್ಬ ಸದಸ್ಯನ ಕೈಗೆ ಬರುವುದು ಸುಮಾರು 4 ಸಾವಿರ ಡಾಲರ್. ಮೇಲಾಗಿ ರಾಯಲ್ಟಿ ಖಾತೆಯಲ್ಲಿ ತಂಡ ಇನ್ನೂ 14 ಸಾವಿರ ಡಾಲರ್ ಬಾಕಿ! ಅದೇ ವರ್ಷ ನಿರ್ವಾಣ ತಂಡದ 'ಇನ್ ಯೂಟರೋ' ಆಲ್ಬಂ ಧ್ವನಿಮುದ್ರಿಸಿದ ಆಲ್ಬಿನಿ, ರಾಯಲ್ಟಿಯನ್ನು ನಿರಾಕರಿಸಿ ದುಡಿಮೆಗೆ ನಿಗದಿತ ಕೂಲಿಯನ್ನಷ್ಟೇ ಪಡೆದರು. ಕಲಾವಿದನ ಮುಂದಿನ ಗಳಿಕೆಯಲ್ಲಿ ತನಗೆ ಪಾಲಿಲ್ಲ ಎಂಬ ತಮ್ಮ ಮಾತಿಗೆ 2024ರ ಮೇ ತಿಂಗಳಿನಲ್ಲಿ ನಿಧನರಾಗುವವರೆಗೂ ಅವರು ಬದ್ಧರಾಗಿದ್ದರು.

ಫುಗಾಜಿ ದೊಡ್ಡ ಕಂಪನಿಗಳತ್ತ ಹೋಗಲಿಲ್ಲ. ಆದರೆ ಅದೇ ಬಳಗದ 'ಜಾಬಾಕ್ಸ್' ತಂಡ ಹೋಯಿತು. ಅಟ್ಲಾಂಟಿಕ್ ಕಂಪನಿಯಿಂದ 1994ರಲ್ಲಿ ಬಂದ ಅದರ ಆಲ್ಬಂ ವಿಮರ್ಶಕರ ಮೆಚ್ಚುಗೆ ಗಳಿಸಿದರೂ ತಂಡ ಹೆಚ್ಚು ಕಾಲ ಉಳಿಯಲಿಲ್ಲ. ಕುತೂಹಲದ ಸಂಗತಿಯೆಂದರೆ, 2009ರಲ್ಲಿ ಆ ಆಲ್ಬಮನ್ನು ಮರುಪ್ರಕಟಿಸುವಲ್ಲಿ ತಂಡದ ಸದಸ್ಯರ ಸ್ವಂತ ಸಂಸ್ಥೆಯೊಂದಿಗೆ ಡಿಸ್ಕಾರ್ಡ್ ಕೂಡ ಕೈಜೋಡಿಸಿತು. ಹೋದವರನ್ನು ದ್ರೋಹಿಗಳೆಂದು ಕರೆಯುವ ಗೊಡವೆಗೆ ಸಂಸ್ಥೆ ಹೋಗಿರಲಿಲ್ಲ.

ಎಲ್ಲೆಡೆಯೂ ಹೀಗಿರಲಿಲ್ಲ. ಕ್ಯಾಲಿಫೋರ್ನಿಯಾದ ಬರ್ಕ್ಲಿಯಲ್ಲಿ 1986ರ ಡಿಸೆಂಬರ್ 31ರಂದು ತೆರೆದ '924 ಗಿಲ್ಮನ್ ಸ್ಟ್ರೀಟ್' ಎಂಬ ಸಭಾಂಗಣವನ್ನು ಸ್ವಯಂಸೇವಕರೇ ನಡೆಸುತ್ತಾರೆ. ಮದ್ಯವಿಲ್ಲ, ವಯಸ್ಸಿನ ಕಟ್ಟಿಲ್ಲ, ದೊಡ್ಡ ಕಂಪನಿಯ ತಂಡಗಳಿಗೆ ಪ್ರವೇಶವಿಲ್ಲ ಎಂಬುದು ಅಲ್ಲಿನ ಕಟ್ಟುನಿಟ್ಟು. ಅಲ್ಲೇ ಆಡಿ ಬೆಳೆದ 'ಗ್ರೀನ್ ಡೇ' ತಂಡ ದೊಡ್ಡ ಕಂಪನಿ ಸೇರಿದೊಡನೆ ಆ ಬಾಗಿಲು ಮುಚ್ಚಿತು. 1994ರ 'ಡೂಕಿ' ಆಲ್ಬಮಿನಿಂದ ವಿಶ್ವವಿಖ್ಯಾತವಾದ ಆ ತಂಡ ಮತ್ತೆ ಆ ರಂಗವೇರಿದ್ದು 2015ರಲ್ಲಿ, ಸಹಾಯಾರ್ಥ ಕಾರ್ಯಕ್ರಮವೊಂದಕ್ಕಾಗಿ.

ಬಾಗಿಲು ಯಾರಿಗೆ ತೆರೆದಿತ್ತು?

'ಯಾರು ಬೇಕಾದರೂ ಮಾಡಬಹುದು' ಎಂಬ ಘೋಷಣೆ ಕಿವಿಗೆ ಇಂಪು. ವಾಸ್ತವದಲ್ಲಿ ಯಾರು ಮಾಡಿದರು ಎಂದು ಕೇಳಿದರೆ ಚಿತ್ರ ಅಷ್ಟು ಅಂದವಾಗಿ ಕಾಣುವುದಿಲ್ಲ. 1980ರಲ್ಲಿ ವಾಷಿಂಗ್ಟನ್ನಿನ ಜನಸಂಖ್ಯೆಯಲ್ಲಿ ಸುಮಾರು ಶೇ. 70ರಷ್ಟು ಕಪ್ಪುವರ್ಣೀಯರಿದ್ದರೂ ಬ್ಯಾಡ್ ಬ್ರೇನ್ಸ್ ನಂತರದ ಪಂಕ್ ತಂಡಗಳಲ್ಲಿ ಬಿಳಿಯ ಹುಡುಗರದೇ ಮೇಲುಗೈ. ಮನೆಯಲ್ಲಿ ನೆಲಮಾಳಿಗೆ, ಕೊಳ್ಳಲು ಗಿಟಾರು, ಸಂಜೆಯ ಬಿಡುವು ಇವು ಇದ್ದವರಿಗೆ ಸ್ವಾವಲಂಬನೆ ಸುಲಭ. ಇಲ್ಲದವರಿಗೆ ಅದೂ ಒಂದು ಐಷಾರಾಮವೇ.

ಹೆಣ್ಣುಮಕ್ಕಳ ಅಸಮಾಧಾನ 1991ರಲ್ಲಿ 'ರಯಟ್ ಗರ್ಲ್' ಎಂಬ ಚಳವಳಿಯಾಗಿ ಸ್ಫೋಟಿಸಿತು. ವಾಷಿಂಗ್ಟನ್ ರಾಜ್ಯದ ಒಲಿಂಪಿಯಾ ಪಟ್ಟಣದ 'ಬಿಕಿನಿ ಕಿಲ್' ಮತ್ತು 'ಬ್ರಾಟ್‌ಮೊಬೈಲ್' ತಂಡಗಳ ಸದಸ್ಯೆಯರು ಆ ಬೇಸಿಗೆಯನ್ನು ರಾಜಧಾನಿಯಲ್ಲಿ ಕಳೆದಾಗ ಪಾಸಿಟಿವ್ ಫೋರ್ಸ್ ಮನೆಯಲ್ಲಿ ಹುಡುಗಿಯರ ವಾರದ ಸಭೆಗಳು ನಡೆದವು. ಜೆರಾಕ್ಸ್ ಪತ್ರಿಕೆಗಳಲ್ಲಿ ಲೈಂಗಿಕ ದೌರ್ಜನ್ಯ, ದೇಹದ ಬಗೆಗಿನ ಕೀಳರಿಮೆ ಮುಂತಾಗಿ ಅದುವರೆಗೆ ಯಾರೂ ಬಾಯಿ ಬಿಡದ ವಿಷಯಗಳು ಬಂದವು. ಬಿಕಿನಿ ಕಿಲ್‌ನ ಗಾಯಕಿ ಕ್ಯಾಥ್ಲೀನ್ ಹಾನಾ, ಹುಡುಗಿಯರು ಮುಂದಿನ ಸಾಲಿಗೆ ಬರಲಿ, ಹುಡುಗರು ಹಿಂದೆ ಸರಿಯಲಿ ಎಂದು ವೇದಿಕೆಯಿಂದಲೇ ಕರೆಯುತ್ತಿದ್ದರು. ಕೇಳುವುದಕ್ಕೆ ಸಣ್ಣ ಸಂಗತಿ. ಆದರೆ ಗುದ್ದಾಟದ ಭಯದಿಂದ ಗೋಡೆಗೊರಗಿ ನಿಲ್ಲುತ್ತಿದ್ದವರಿಗೆ ಸಭಾಂಗಣದ ನೆಲವೇ ಮೊದಲ ಬಾರಿಗೆ ಸಿಕ್ಕಿತು. ಪದ್ಧತಿಯ ದೋಷವನ್ನು ಪದ್ಧತಿಯದೇ ಸಾಧನಗಳಿಂದ ಪ್ರಶ್ನಿಸಿದ್ದು ಈ ಚಳವಳಿಯ ಹಿರಿಮೆ.

ನಂಬಿಕೆ ಮತ್ತು ಲೆಕ್ಕದ ಪುಸ್ತಕ

ಇನ್ನೊಂದು ತೊಡಕು ಹಣದ್ದು. ಚಿಕ್ಕ ಸಂಸ್ಥೆ ಎಂದ ಮಾತ್ರಕ್ಕೆ ಪ್ರಾಮಾಣಿಕ ಸಂಸ್ಥೆ ಎಂದೇನಲ್ಲ, ಪ್ರಾಮಾಣಿಕ ಎಂದ ಮಾತ್ರಕ್ಕೆ ದಕ್ಷ ಎಂದೂ ಅಲ್ಲ. ಗ್ರೀನ್ ಡೇ ತಂಡದ ಮೊದಲ ಎರಡು ಆಲ್ಬಂ ತಂದ ಬರ್ಕ್ಲಿಯ 'ಲುಕ್ಔಟ್' ಸಂಸ್ಥೆ ರಾಯಲ್ಟಿ ಬಾಕಿ ಉಳಿಸಿಕೊಂಡಿತು. 2005ರಲ್ಲಿ ಗ್ರೀನ್ ಡೇ ತನ್ನ ಆಲ್ಬಂಗಳನ್ನು ಹಿಂಪಡೆಯಿತು. ಆ ಪೆಟ್ಟಿನಿಂದ ಚೇತರಿಸಿಕೊಳ್ಳದ ಸಂಸ್ಥೆ 2012ರಲ್ಲಿ ಮುಚ್ಚಿತು. ಬಾಯಿಮಾತಿನ ಕರಾರು ಉಳಿಯಬೇಕಾದರೆ ಲೆಕ್ಕದ ಪುಸ್ತಕ ಚೊಕ್ಕಟವಾಗಿರಬೇಕು. ಡಿಸ್ಕಾರ್ಡ್ ಬಾಳಿದ್ದರ ಹಿಂದಿನ ಗುಟ್ಟು ಇದೇ. ಅದು ತನ್ನ ಊರಿನಾಚೆಗೆ ಕೈಚಾಚಲಿಲ್ಲ, ಬೇಡಿಕೆಗಿಂತ ಹೆಚ್ಚು ಅಚ್ಚು ಹಾಕಲಿಲ್ಲ, ಪಾಲು ಕೊಡುವುದನ್ನು ಮರೆಯಲಿಲ್ಲ.

2011ರ ಡಿಸೆಂಬರಿನಲ್ಲಿ ಫುಗಾಜಿ ತನ್ನ ಹಳೆಯ ಕಾರ್ಯಕ್ರಮಗಳ ಧ್ವನಿಮುದ್ರಣಗಳನ್ನು ಅಂತರ್ಜಾಲದಲ್ಲಿ ಮಾರಾಟಕ್ಕಿಟ್ಟಿತು. 800ಕ್ಕೂ ಹೆಚ್ಚು ಕಾರ್ಯಕ್ರಮಗಳ ಟೇಪುಗಳನ್ನು ತಂಡ ಜೋಪಾನ ಮಾಡಿತ್ತು. ಪ್ರತಿಯೊಂದಕ್ಕೆ ಸೂಚಿಸಿದ ಬೆಲೆ ಮತ್ತದೇ ಐದು ಡಾಲರ್. ಇಷ್ಟು ದೊಡ್ಡ ಭಂಡಾರವನ್ನು ಯಾರ ಅಪ್ಪಣೆಯೂ ಇಲ್ಲದೆ ತೆರೆಯಲು ಸಾಧ್ಯವಾದದ್ದು ಒಡೆತನ ಕಲಾವಿದರದೇ ಆಗಿದ್ದುದರಿಂದ. 2014ರಲ್ಲಿ ವಾಷಿಂಗ್ಟನ್ನಿನ ಸಾರ್ವಜನಿಕ ಗ್ರಂಥಾಲಯ ಪಂಕ್ ದಾಖಲೆಗಳ ಸಂಗ್ರಹವೊಂದನ್ನೇ ಆರಂಭಿಸಿತು. ಒಂದು ಕಾಲಕ್ಕೆ ಕಂಬಗಳಿಗೆ ಅಂಟಿಸುತ್ತಿದ್ದ ಕರಪತ್ರಗಳು ಈಗ ಸಂಶೋಧಕರ ಆಕರಗಳು.

ಹಾಗೆಂದು ಎಲ್ಲವೂ ಸುಖಾಂತ್ಯವಲ್ಲ. ನಗರದ ಬಾಡಿಗೆ ಏರಿದಂತೆ ಅಗ್ಗದ ಮನೆ, ಅಗ್ಗದ ಸಭಾಂಗಣಗಳು ಮಾಯವಾಗುತ್ತಿವೆ. ಇನ್ನರ್ ಇಯರ್ ಸ್ಟುಡಿಯೋ 1990ರಿಂದ ಇದ್ದ ಕಟ್ಟಡವನ್ನು ಸ್ಥಳೀಯ ಆಡಳಿತ ಕೊಂಡುಕೊಂಡದ್ದರಿಂದ 2021ರಲ್ಲಿ ತೆರವು ಮಾಡಬೇಕಾಯಿತು. ಸ್ವಾವಲಂಬನೆಗೂ ನಿಲ್ಲಲು ನೆಲ ಬೇಕು ಎಂಬ ಸತ್ಯವನ್ನು ಇದು ನೆನಪಿಸುತ್ತದೆ.

ಮೊಬೈಲ್ ಯುಗದಲ್ಲಿ

ಇಂದು ಹಾಡನ್ನು ಮುದ್ರಿಸಲು ಕಾರ್ಖಾನೆ ಬೇಕಿಲ್ಲ, ಹಂಚಲು ಅಂಚೆಯೂ ಬೇಕಿಲ್ಲ. ಲ್ಯಾಪ್‌ಟಾಪ್ ಇದ್ದವರು ಬೆಳಗಾಗುವುದರೊಳಗೆ ಜಗತ್ತಿಗೆ ಹಾಡು ಕೇಳಿಸಬಹುದು. ಹಾಗಾದರೆ ಎಲ್ಲರೂ ಸ್ವತಂತ್ರರಾದರೇ? ಉತ್ತರ ಅಷ್ಟು ಸರಳವಿಲ್ಲ. ಸ್ಪಾಟಿಫೈ ಸಂಸ್ಥೆ 2024ರಿಂದ ಜಾರಿಗೆ ತಂದ ನಿಯಮದಂತೆ, ಹಿಂದಿನ ಹನ್ನೆರಡು ತಿಂಗಳಲ್ಲಿ ಒಂದು ಸಾವಿರ ಬಾರಿ ಕೇಳಿಸಿಕೊಳ್ಳದ ಹಾಡಿನ ಧ್ವನಿಮುದ್ರಣಕ್ಕೆ ರಾಯಲ್ಟಿಯೇ ಇಲ್ಲ. ಸ್ವತಂತ್ರ ಕಲಾವಿದರ ನೆಚ್ಚಿನ ತಾಣವೆನಿಸಿದ 'ಬ್ಯಾಂಡ್‌ಕ್ಯಾಂಪ್' 2022ರಲ್ಲಿ ಒಂದು ಕಂಪನಿಗೆ, 2023ರಲ್ಲಿ ಇನ್ನೊಂದಕ್ಕೆ ಮಾರಾಟವಾಯಿತು. ಅದರ ಸಿಬ್ಬಂದಿಯಲ್ಲಿ ಸುಮಾರು ಅರ್ಧದಷ್ಟು ಜನ ಕೆಲಸ ಕಳೆದುಕೊಂಡರು. ಅಂದರೆ ತಯಾರಿಕೆಯ ಸಾಧನ ಕಲಾವಿದನ ಕೈಗೆ ಬಂದಿದ್ದರೂ ಕೇಳುಗನನ್ನು ತಲುಪುವ ದಾರಿಯ ಸುಂಕದಕಟ್ಟೆ ಬೇರೆಯವರ ವಶದಲ್ಲಿಯೇ ಇದೆ.

ವಾಷಿಂಗ್ಟನ್ನಿನ ಹುಡುಗರು ಕಲಿಸಿದ ಪಾಠ ಇಲ್ಲಿಯೇ ಉಪಯೋಗಕ್ಕೆ ಬರುತ್ತದೆ. ಅವರ ಬಳಿ ಇದ್ದದ್ದು ಕತ್ತರಿ, ಅಂಟು, ವಿಳಾಸಗಳ ಪಟ್ಟಿ. ಅವುಗಳಲ್ಲಿ ಅತಿ ಬೆಲೆಬಾಳುವುದು ವಿಳಾಸಗಳ ಪಟ್ಟಿಯೇ ಆಗಿತ್ತು. ತಮ್ಮ ಹಾಡನ್ನು ಕೇಳುವವರು ಯಾರು, ಎಲ್ಲಿದ್ದಾರೆ, ಎಷ್ಟು ಕೊಡಬಲ್ಲರು ಎಂಬುದು ಅವರಿಗೆ ನೇರವಾಗಿ ಗೊತ್ತಿತ್ತು. ಮಧ್ಯೆ ನಿಂತು ಎಣಿಸುವವರು ಯಾರೂ ಇರಲಿಲ್ಲ. ಆ ಸಂಗೀತ ಎಲ್ಲರಿಗೂ ರುಚಿಸಬೇಕೆಂದೇನಿಲ್ಲ. ಮೂರು ಸ್ವರಮೇಳಗಳ ಆ ಅಬ್ಬರವನ್ನು ಐದು ನಿಮಿಷವೂ ಸಹಿಸಲಾರದವರು ಇರಬಹುದು. ಆದರೆ ಹಾಡಿದವನೇ ಹಾಡಿನ ಒಡೆಯನಾಗಿ ಉಳಿಯುವುದು ಹೇಗೆ ಎಂಬ ಪ್ರಶ್ನೆಗೆ ಅವರು ಕಂಡುಕೊಂಡ ಉತ್ತರ ಯಾವ ಭಾಷೆಯ, ಯಾವ ಕಲೆಯ ಕಲಾವಿದನೂ ಕೂತು ಓದಬೇಕಾದದ್ದು.